ಮೂಕವಾದ ಯಂತ್ರಕ್ಕೆ ದನಿ ಕೊಡುವ ಅಲ್ಮಾಸಬಿ

ಬೆಳಗಿನ ಆರು ಗಂಟೆ. ಬೆಟಗೇರಿಯ ಓಣಿಯಲ್ಲಿ ಮಗ್ಗದ ಸಪ್ಪಳ ಇನ್ನೂ ಶುರುವಾಗಿಲ್ಲ. ಪಡಸಾಲೆಯಲ್ಲಿ ಕುಳಿತ ಅಲ್ಮಾಸಬಿ ತಮ್ಮ ಹಾರ್ಡ್ ಡಿಸ್ಕನ್ನು ಲ್ಯಾಪ್‌ಟಾಪಿಗೆ ಸಿಕ್ಕಿಸಿ ವೈರಸ್ ತಪಾಸಣೆಗೆ ಹಚ್ಚಿದ್ದಾರೆ. ಚಹಾ ತಂದ ಗಂಡ ಇಲಿಯಾಸ ಕಾಲೆಳೆಯುತ್ತಾರೆ.

"ನಿನ್ನೆನೂ ನೋಡಿದ್ಯಲ್ಲ, ರಾತ್ರ್ಯಾಗ ಅದಕ್ಕೇನು ಜ್ವರ ಬಂತೇನು?"

"ನಿನ್ನೆ ಮೂರು ಊರಿನ ಯಂತ್ರಕ್ಕ ಹಚ್ಚೀನಿ. ಯಾವುದರ ರೋಗ ಹತ್ತಿರ್ತೈತೋ ಯಾರಿಗ್ಗೊತ್ತು?"

ಗಣಕಯಂತ್ರದ ಭಾಗಗಳಿಗೆ ಕೆಲಸ ಹೇಳುವ ತಂತ್ರಾಂಶವೇ ಡ್ರೈವರ್. ಅದಿಲ್ಲದಿದ್ದರೆ ಸ್ಪೀಕರ್ ಇದ್ದೂ ಮೂಕ, ಪ್ರಿಂಟರ್ ಇದ್ದೂ ದಂಡ. ಇಂಟರ್ನೆಟ್ ಇಲ್ಲದ ಊರುಗಳಿಗೆಂದು ಅಲ್ಮಾಸಬಿ ಸಾವಿರಾರು ಡ್ರೈವರ್‌ಗಳ ಕಟ್ಟನ್ನೇ ಡಿಸ್ಕಿನಲ್ಲಿ ಹೊತ್ತು ತಿರುಗುತ್ತಾರೆ. ಹದಿನಾಲ್ಕು ವರ್ಷದಿಂದ ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಸುತ್ತುತ್ತಿದ್ದಾರೆ. ವಾರಕ್ಕೆ ಹತ್ತು-ಹನ್ನೆರಡು ಯಂತ್ರ. ಮೊದಲು ಒಂದು ಅಂಗಡಿಯಲ್ಲಿ ಲಗ್ನಪತ್ರಿಕೆ ಟೈಪ್ ಮಾಡುತ್ತಿದ್ದ ಇವರು, ಅಲ್ಲಿನ ಯಂತ್ರ ಕೆಟ್ಟಾಗಲೆಲ್ಲ ತಾವೇ ಬಿಚ್ಚಿ ಕಲಿತರು. ಈಗಲೂ ಜನ ಬಾಗಿಲಲ್ಲೇ ಕೇಳುತ್ತಾರೆ, "ಬಾಯಾರ, ರಿಪೇರಿಯಾಂವ ಎಲ್ಲಿ?" ಇವರದು ಒಂದೇ ಉತ್ತರ: "ಅಂವ ನಾನ ಅದೀನಿ, ಬಾಜೂಕ ಸರೀರಿ."

ಇಂದು ಹೋಗಬೇಕಾದದ್ದು ಕುರ್ತಕೋಟಿ ಕಡೆಯ ಒಂದು ಶಾಲೆಗೆ. ಅಲ್ಲಿ ಒಂಬತ್ತನೆಯ ತರಗತಿಯ ಸೌಂದರ್ಯಾಗೆ ಕಣ್ಣು ಕಾಣುವುದಿಲ್ಲ. ಪರದೆಯಲ್ಲಿರುವುದನ್ನು ಯಂತ್ರ ಓದಿ ಹೇಳುತ್ತದೆ, ಅವಳು ಕೇಳಿಸಿಕೊಂಡು ಉತ್ತರ ಟೈಪ್ ಮಾಡುತ್ತಾಳೆ. ನಿನ್ನೆಯಿಂದ ಆ ಯಂತ್ರಕ್ಕೆ ದನಿಯಿಲ್ಲ. ಹನ್ನೊಂದಕ್ಕೆ ಪರೀಕ್ಷೆ. ದನಿ ಬರದಿದ್ದರೆ ಬೇರೆಯವರ ಕೈಯಿಂದ ಬರೆಸಬೇಕು. ಹುಡುಗಿ ಸುತರಾಂ ಒಪ್ಪುತ್ತಿಲ್ಲ.

ಶಾಲೆ ತಲುಪಿದಾಗ ತಿಳಿಯುತ್ತದೆ, ಯಂತ್ರ ಕೆಡಿಸಿದ್ದು ಅಲ್ಲಿನ ಮುತ್ತಣ್ಣ ಮಾಸ್ತರು. ಯಾರದೋ ಪೆನ್‌ಡ್ರೈವಿನಲ್ಲಿದ್ದ ಡ್ರೈವರ್ ಪ್ಯಾಕ್ ಹಾಕಿ ಎಲ್ಲಕ್ಕೂ ಟಿಕ್ ಒತ್ತಿದ್ದಾರೆ. "ಇಷ್ಟೆಲ್ಲಾ ಪುಕ್ಕಟೆ ಬಂದೈತಿ, ಬಿಡೂದ್ಯಾಕಂತ ಹಾಕಿದೆ ನೋಡ್ರಿ."

"ಔಷಧ ಅಂಗಡ್ಯಾಗ ಗುಳಿಗಿ ಭಾಳ ಅದಾವಂತ ಎಲ್ಲಾ ನುಂಗ್ತೀರೇನ್ರೀ ಮಾಸ್ತರ?"

ಮಾಸ್ತರು ತಲೆ ಕೆರೆದುಕೊಳ್ಳುತ್ತಾರೆ. ಕಂಡಕಂಡಲ್ಲಿ ಸಿಕ್ಕ ಪ್ಯಾಕನ್ನು ಓದದೆ ಒತ್ತುವ ಇಂಥ ಕೈಗಳಿಗೆ ಛಡಿಯೇಟೇ ಸರಿ. ಆದರೆ ಅಲ್ಮಾಸಬಿಯ ಬೈಗುಳ ಅಷ್ಟಕ್ಕೇ ಮುಗಿಯುತ್ತದೆ. ಒಮ್ಮೆ ಶಿರಹಟ್ಟಿಯಲ್ಲಿ ತಾವೂ ಅವಸರದಲ್ಲಿ ಎಲ್ಲ ಒತ್ತಿ, ಒಬ್ಬರ ಯಂತ್ರವನ್ನು ಮೂರು ದಿನ ಮಲಗಿಸಿದ್ದರು. ಅಂದಿನಿಂದ ಮೊದಲು ಟಿಪ್ಪಣಿ ಪುಸ್ತಕ, ಆಮೇಲೆ ಮೌಸ್.

ಯಂತ್ರದಲ್ಲಿ ದನಿ ಹೊರಡಿಸುವ ಭಾಗದ ಗುರುತಿನ ಸಂಖ್ಯೆಯನ್ನು ಆ ಪುಸ್ತಕದಲ್ಲಿ ಬರೆದುಕೊಳ್ಳುತ್ತಾರೆ. ಕೆಟ್ಟರೆ ಈಗಿನ ಸ್ಥಿತಿಗೆ ಮರಳಲೆಂದು ರಿಸ್ಟೋರ್ ಪಾಯಿಂಟ್ ಇಡುತ್ತಾರೆ. ಮಾಸ್ತರು ಹಾಕಿದ ತಪ್ಪು ಡ್ರೈವರ್ ಕಿತ್ತು, ತಮ್ಮ ಡಿಸ್ಕಿನಿಂದ ಆ ಸಂಖ್ಯೆಗೆ ಹೊಂದುವ ಒಂದನ್ನೇ ಆರಿಸುತ್ತಾರೆ. ಜೊತೆಗೆ ಬರುವ ಬೇಡದ ತಂತ್ರಾಂಶಗಳ ಟಿಕ್ ಒಂದೊಂದಾಗಿ ತೆಗೆಯುತ್ತಾರೆ. ಯಂತ್ರ ಬಂದ್ ಮಾಡಿ ಮತ್ತೆ ಚಾಲೂ ಮಾಡಿದಾಗ ಹತ್ತೂ ನಲವತ್ತು. ಸೌಂದರ್ಯಾ ಕುರ್ಚಿಯ ತುದಿಯಲ್ಲಿ ಕುಳಿತಿದ್ದಾಳೆ.

ಯಂತ್ರ ಒಮ್ಮೆಲೇ ಗಂಟಲು ಹರಿಯುವಂತೆ ಓದತೊಡಗುತ್ತದೆ. ಮಾಸ್ತರು ಎರಡು ಹೆಜ್ಜೆ ಹಿಂದೆ ಹಾರುತ್ತಾರೆ.

ಸೌಂದರ್ಯಾ ಬಿದ್ದು ಬಿದ್ದು ನಗುತ್ತಾಳೆ. "ಮಾಸ್ತರಕಿಂತ ಜೋರ ಐತಲ್ರೀ ಚಾಚಿ! ಸ್ವಲ್ಪ ಕಡಿಮಿ ಮಾಡ್ರಿ. ಎಲ್ಲಾರೂ ಹೊರಗ ನಡೀರಿನ್ನ, ನಾ ಬರೀಬೇಕು."

ಹೊರಗಿನ ಕಟ್ಟೆಯ ಮೇಲೆ ಕುಳಿತ ಅಲ್ಮಾಸಬಿಗೆ ಒಳಗಿನಿಂದ ಕೀಲಿಗಳ ಟಕಟಕ ಕೇಳುತ್ತಿದೆ. ಬಸ್ಸಿಗೆ ಇನ್ನೂ ಹೊತ್ತಿದೆ. ಮುಂದಿನ ಆಸೆ ಏನೆಂದು ಕೇಳಿದರೆ ಶಾಲೆಯ ಬಾಗಿಲತ್ತ ಬೆರಳು ತೋರಿಸುತ್ತಾರೆ.

"ಡ್ರೈವರ್ ಹಾಕೂದು ಆಕಿಗೇ ಕಲಿಸಿಬಿಡಬೇಕು. ಆಕಿ ಕಿವಿ ಭಾಳ ಚುರುಕು, ಪರದಿ ಮ್ಯಾಲಿಂದು ಯಾರರ ಓದಿ ಹೇಳಿದ್ರ ಸಾಕು. ಮುಂದಿನ ಸಲ ಈ ಮಾಸ್ತರ ಯಂತ್ರ ಕೆಡಿಸಿದ್ರ, ನಾ ಬರೂದ್ರಾಗ ಆಕೀನ ನೆಟ್ಟಗ ಮಾಡಿರಬೇಕು."