ಬಿಟ್ಟುಹೋದ ಮೈನಸ್

ಮಗು ಎಂಟನೆಯ ತಿಂಗಳಲ್ಲೇ ಹುಟ್ಟಿತು; ಅಳಲಿಲ್ಲ. ಉದಗೀರದ ಆಸ್ಪತ್ರೆಯಿಂದ ದಾಳಿಂಬಕ್ಕೆ, ಗಂಡನ ಮನೆಗೆ ಬರಿಗೈಯಲ್ಲಿ ಮರಳಿದ ಮೇಲೆ ನಾನೂ ಅಳಲಿಲ್ಲ. ಎದೆಹಾಲು ಮಾತ್ರ ಯಾರನ್ನೂ ಕೇಳದೆ ಬಂತು. ಅತ್ತೆ ತಮ್ಮ ಹಳೆಯ ಸೀರೆ ಹರಿದು ಎದೆಗೆ ಬಿಗಿಯಾಗಿ ಕಟ್ಟಿದರು, ಕುಲದೇವರು ಬೀರಪ್ಪನ ಭಂಡಾರದ ಅರಿಶಿನ ಹಣೆಗೆ ಹಚ್ಚಿದರು. ಗಂಡ ಬೆಳಿಗ್ಗೆಯೇ ಕುರಿಗಳ ಹಿಂದೆ ಹೊರಟರೆ ಊಟದ ಹೊತ್ತಿಗಷ್ಟೇ ಮನೆ ಸೇರುತ್ತಿದ್ದರು. ಮಗುವಿನ ಮಾತು ನಮ್ಮಿಬ್ಬರ ನಡುವೆ ಬರಲೇ ಇಲ್ಲ.

ಹೆರಿಗೆ ರಜೆ ಇನ್ನೂ ಇತ್ತು. ಆದರೂ ಒಂದು ದಿನ ಸೀರೆ ಉಟ್ಟು ಶಾಲೆಗೆ ಹೊರಟೆ.

"ಇಷ್ಟ ಲಗೂನ ಯಾಕ ಹೊಂಟಿ? ಮೈ ಇನ್ನಾ ಹಸೀ ಅದ," ಎಂದರು ಅತ್ತೆ.

"ಮನ್ಯಾಗ ಕುಂತು ಏನ್ ಮಾಡ್ಲಿ, ಅತ್ತಿ?"

ಅವರು ಡಬ್ಬಿಗೆ ರೊಟ್ಟಿ ಹಾಕಿಕೊಟ್ಟರು.

ಮಹಾರಾಷ್ಟ್ರದ ಗಡಿಯ ಉಮರ್ಗಾದ ಮರಾಠಿ ಶಾಲೆಯಲ್ಲಿ ಎಂಟನೆಯ ತರಗತಿಗೆ ನಾನು ಗಣಿತ ಕಲಿಸುತ್ತೇನೆ. ಆ ದಿನದ ಪಾಠ, ತೀರಾ ಸಣ್ಣ ದಶಮಾಂಶ ಸಂಖ್ಯೆಗಳನ್ನು ವೈಜ್ಞಾನಿಕ ರೂಪದಲ್ಲಿ ಬರೆಯುವುದು. ನಿದ್ದೆಯಲ್ಲೂ ಕಲಿಸಬಲ್ಲ ಪಾಠ. ಬಿಂದುವನ್ನು ಸೊನ್ನೆಯಲ್ಲದ ಮೊದಲ ಅಂಕಿಯ ಆಚೆಗೆ ಸರಿಸಬೇಕು, ಎಷ್ಟು ಮನೆ ಸರಿಸಿದೆವೋ ಅಷ್ಟನ್ನು ಹತ್ತರ ತಲೆಯ ಮೇಲೆ ಮೈನಸ್ ಹಾಕಿ ಬರೆಯಬೇಕು. ಫಲಕದ ಮೇಲೆ 0.00045 ಬರೆದೆ. ಮಕ್ಕಳ ಸದ್ದು ಪಕ್ಕದ ಕೋಣೆಯಿಂದ ಬಂದಂತಿತ್ತು. ಒಂದಾದ ಮೇಲೊಂದು ಲೆಕ್ಕ ಮಾಡುತ್ತ ಹೋದೆ. ಕಟ್ಟಿದ ಬಟ್ಟೆ ಒದ್ದೆಯಾಗುತ್ತಿರುವುದು ತಿಳಿಯಿತು. ಸೆರಗು ಹೊದ್ದು ಮುಂದಿನ ಲೆಕ್ಕ ಬರೆದೆ. ಯಾರೂ ಒಂದೂ ಪ್ರಶ್ನೆ ಕೇಳಲಿಲ್ಲ. ಗಂಟೆ ಹೊಡೆಯಿತು.

ಮರುದಿನ ಫಲಕದ ಮೇಲೆ 0.000062 ಬರೆದು, ಎರಡನೆಯ ಬೆಂಚಿನ ಹುಡುಗಿಯನ್ನು ಕರೆದೆ. ನಮ್ಮ ಹಾಗೆಯೇ ಮನೆಯಲ್ಲಿ ಕನ್ನಡ ಆಡುವ ಕುರುಬರ ಹುಡುಗಿ. 6.2 × 10⁻⁵ ಎಂದು ಬರೆದಳು, ಮೈನಸ್ಸನ್ನು ಎರಡು ಸಲ ತಿದ್ದಿ ದಪ್ಪ ಮಾಡಿದಳು.

"ಅಷ್ಟು ದಪ್ಪ ಯಾಕ?" ಎಂದೆ.

ಅವಳು ತರಗತಿಯ ಕಡೆ ನೋಡಿದಳು. ಎಲ್ಲರೂ ತಲೆ ತಗ್ಗಿಸಿದ್ದರು. ಆಗ ಅವಳು ನನಗಷ್ಟೇ ಕೇಳುವಂತೆ ಕನ್ನಡದಲ್ಲಿ ಹೇಳಿದಳು:

"ನಿನ್ನಿ ನೀವು ಒಂದಕ್ಕೂ ಮೈನಸ್ ಹಾಕಿದ್ದಿಲ್ರೀ ಮ್ಯಾಡಂ. ನಾವ ಪುಸ್ತಕ ನೋಡಿ ಹಾಕ್ಕೊಂಡೇವ್ರಿ."

ಮೈನಸ್ ಬಿಟ್ಟರೆ 0.00045 ಹೋಗಿ ನಲವತ್ತೈದು ಸಾವಿರವಾಗುತ್ತದೆ. ಇಡೀ ಪೀರಿಯಡ್ಡು ನಾನು ಅದನ್ನೇ ಬರೆದಿದ್ದೆ.

"ಆವಾಗ್ಲೇ ಯಾಕ ಹೇಳ್ಲಿಲ್ಲ?"

"ಹೇಳಬ್ಯಾಡಾ ಅಂತ ಎಲ್ಲಾರೂ ಮಾತಾಡಿದ್ವಿ. ನೀವು ಬಂದಿದ್ರಲ್ಲಾ, ನಿನ್ನಿಗಿ ಅಷ್ಟ ಸಾಕಿತ್ರೀ."

ನನಗೆ ಏನಾದರೂ ಅನ್ನಿಸಬೇಕಿತ್ತು. ಅನ್ನಿಸಲಿಲ್ಲ. "ಕುಂದ್ರು" ಎಂದೆ. ಹಿಂದಿನ ದಿನದ ಲೆಕ್ಕಗಳನ್ನೆಲ್ಲ ಮತ್ತೆ ಮೊದಲಿನಿಂದ ಬರೆದೆ. ಪ್ರತಿ ಮೈನಸ್ ಬರೆಯುವಾಗಲೂ ಹಿಂದಿನಿಂದ ಯಾರೋ ಮೆಲ್ಲಗೆ ಉಸಿರು ಬಿಡುತ್ತಿದ್ದರು.

ಆ ಸಂಜೆ ಗಂಡನಿಗೆ ರೊಟ್ಟಿ ಬಡಿಸುತ್ತ, ಸುಮ್ಮನೆ ಶಾಲೆಯ ಸುದ್ದಿ ಎಂಬಂತೆ ಇದನ್ನು ಹೇಳಿದೆ. ಮೊದಲು ಅವರು ನಕ್ಕರು. "ಪೋರಗೋಳು ಶಾಣ್ಯಾ ಅವ," ಎಂದರು. ಕೈಯಲ್ಲಿದ್ದ ತುತ್ತು ತಾಟಿಗೆ ಇಳಿಯಿತು. ಗೋಡೆಯ ಕಡೆ ಮುಖ ತಿರುಗಿಸಿ, ದನಿ ಹೊರಬರದಂತೆ ಅತ್ತರು.

"ಕೂಸಿನ ಮಾರಿ ನಾ ನೋಡೀನಿ," ಎಂದರು ಕಣ್ಣೊರೆಸಿಕೊಂಡು. "ದವಾಖಾನ್ಯಾಗ ನಿನಗ ತೋರಸ್ಲಿಲ್ಲ ಅವರು. ನಿನ್ನಂಗ ಇತ್ತು."

ಹಂಚಿನ ಮೇಲೆ ಒಂದು ರೊಟ್ಟಿ ಹೊತ್ತುತ್ತಿತ್ತು. ಎದ್ದು ಅದನ್ನು ತಿರುವಿ ಹಾಕಿ ಬಂದು ಅವರ ಪಕ್ಕ ಕುಳಿತೆ. "ಕೂದಲು ಇದ್ದುವು?" ಎಂದು ಕೇಳಿದೆ.

"ಭಾಳ ಇದ್ದುವು," ಎಂದರು.