ಲಾಭ ಯಾವ ಬಾಜು

ಓಯ್! ಕಟ್ಟಿ ಮ್ಯಾಲ ಕುಂತಾವ್ರು, ಚಾದಂಗಡಿ ಮುಂದ ನಿಂತಾವ್ರು, ಹೊಲಕ್ಕ ಹೊಂಟಾವ್ರು, ಎಲ್ಲಾರೂ ಕಿವಿ ಇತ್ಲಾಗ ಕೊಡ್ರಿ! ಏ, ಆ ಟಿವಿ ಸೌಂಡ್ ಸಣ್ಣ ಮಾಡೋ ಮಾರಾಯಾ. ಮೆಕ್ಯಾನಿಕ್ ರಾಯಣ್ಣನ ಸುದ್ದಿ ಹೇಳಾಕತ್ತೀನಿ. ರೋಣದಾಗ ಗಾಡಿ ಇಟ್ಟಾವ್ರಿಗೆ ರಾಯಣ್ಣ ಯಾರಂತ ಹೇಳೂದು ಬ್ಯಾಡ. ಆದ್ರ ಈಗ ಮಂದಿ ಬಾಯಾಗ ಅಡ್ಡಾಡೂ ಕಥಿ ಬ್ಯಾರೆ, ಆದದ್ದು ಬ್ಯಾರೆ. ಆದದ್ದು ಹೇಳ್ತೀನಿ, ನಡುವ ಬಾಯಿ ಹಾಕಬ್ಯಾಡ್ರಿ.

ರಾಯಣ್ಣ ಹುಟ್ಟಿದ್ದು ಸವಡ್ಯಾಗ. ಅವ್ವ ಲಗೂನ ತೀರಕೊಂಡ್ಲು. ಅಪ್ಪ ಪ್ಯಾಟ್ಯಾಗ ಹಮಾಲಿ, ಕಾಳು ಅಳಿಯೋ ಕೆಲಸ. ನಮ್ಮ ಕಡೆ ಕಾಳು ಅಳಿಯುವಾಗ ಯಾರೂ ಒಂದು ಅನ್ನೂದಿಲ್ಲ, ಗೊತ್ತೈತೆಲ್ಲಾ? ಮೊದಲನೇ ಮಾಪು ಬಿತ್ತಂದ್ರ 'ಲಾಭ'. ಆಮ್ಯಾಲ ಎರಡು, ಮೂರು, ನಾಕು. ಅಪ್ಪನ ಮಗ್ಗಲಕ ಕುಂತು ಕುಂತು ರಾಯಣ್ಣನ ಬಾಯಿಗೆ ಅದು ಅಂಟಿಬಿಟ್ಟಿತ್ತು. ಸಾಲ್ಯಾಗ ಮಾಸ್ತರು ಮಗ್ಗಿ ಹೇಳಂದ್ರ "ಲಾಭೊಂದ್ಲೆ ಲಾಭ" ಅಂದಿದ್ದಂತ. ಮಾಸ್ತರು ಬಡಿಗಿ ಎತ್ತಿದವ್ರು ನಕ್ಕು ಕೆಳಗ ಇಟ್ರಂತ.

ಅವನ್ನ ಸಾಕಿದಾಕಿ ಅಕ್ಕ ಮಾಳವ್ವ. ಗಜೇಂದ್ರಗಡಕ್ಕ ಕೈ ಹಿಡಕೊಂಡು ಹೋಗಿ ಉಸ್ತಾದರ ಗ್ಯಾರೇಜಿನ್ಯಾಗ ನಿಲ್ಲಿಸಿದಾಕೀನೂ ಆಕೀನ. "ಇವನ ಬೆನ್ನ ಮ್ಯಾಲ ಚೀಲ ಬ್ಯಾಡ್ರಿ ಉಸ್ತಾದ್, ಕೈಗೆ ಎಣ್ಣಿ ಹತ್ತಲಿ" ಅಂದಿದ್ಲು.

ಉಸ್ತಾದರು ಮೊದಲನೇ ದಿನಾನ ಹೇಳಿದ್ರು: "ಒಂದನೇದು ಯಾವುದು ಅಂತ ಹಿಡಿ, ಆಮ್ಯಾಲ ನಟ್ ಬಿಚ್ಚೂ ಪಾನಾ ಹಿಡಿ." ಇಂಜಿನ್ ಒಳಗ ಸಾಲಾಗಿ ನಾಕು ಸಿಲಿಂಡರ್, ನಾಕು ಕೊಳವಿ ಇದ್ದಂಗ. ಒಂದೊಂದ್ರಾಗ ಬೆಂಕಿ ಸಿಡದು ಪಿಸ್ಟನ್ ಕೆಳಗ ದಬ್ಬತೈತಿ. ಎಣಸೂದು ಬೆಲ್ಟ್ ಇರೋ ಬಾಜೂಕಿಂದ: ಒಂದು, ಎರಡು, ಮೂರು, ನಾಕು. ಆದ್ರ ಬೆಂಕಿ ಸಿಡಿಯೂದು ಸಾಲಾಗಿ ಅಲ್ಲ. ಒಂದು, ಮೂರು, ನಾಕು, ಎರಡು. ಅದು ಅದರ ಪಾಳಿ. ರಾಯಣ್ಣ ಮನಿಗೆ ಬಂದು ಒಲೀ ಮುಂದ ಕುಂತು ಬಾಯಿಪಾಠ ಮಾಡ್ತಿದ್ದ, "ಲಾಭ, ಮೂರು, ನಾಕು, ಎರಡು. ಲಾಭ, ಮೂರು, ನಾಕು, ಎರಡು."

ರೊಟ್ಟಿ ಬಡಿಯಾಕತ್ತಿದ್ದ ಮಾಳವ್ವ ಕೈ ನಿಲ್ಲಿಸಿ ಕೇಳಿದ್ಲು, "ಅಲ್ಲೋ ರಾಯಾ, ಆ ಎರಡನೇದು ಏನ ಪಾಪ ಮಾಡೇತಿ? ಲಾಭದ ಮಗ್ಗಲಕ್ಕ ಕುಂತೈತಿ, ಪಾಳಿ ಮಾತ್ರ ಕಡೀಕ!"

"ನೀವು ನಾಕು ಮಂದಿ ಕೂಡಿ ಖಾರ ಕುಟ್ಟೂವಾಗ, ಮಗ್ಗಲದಾಕಿ ಒನಕಿ ಬಿದ್ದ ಕೂಡ್ಲೆ ನೀ ಹಾಕ್ತಿ ಏನು?"

"ಹಾಕಿದ್ರ ಕೈ ಮುರೀತೈತಿ. ಎದುರಿನಾಕಿ ಹಾಕ್ತಾಳ."

"ಇದೂ ಹಂಗ. ಒಂದ ಕಡೆ ಸಾಲಾಗಿ ಬಡದ್ರ ಒಳಗಿನ ದಂಡಿಗೆ ತ್ರಾಸ. ಆ ಕಡೆ ಈ ಕಡೆ ಹಂಚಿ ಬಡದ್ರ ಗಾಡಿ ನೆಟ್ಟಗ ಓಡತೈತಿ."

"ಹಂಗಾದ್ರ ಇಂಜಿನ್ ಮಾಡಿದಾಕಿ ಯಾವಾಕೀನೋ ಖಾರ ಕುಟ್ಟಿದಾಕೀನ ಬಿಡು" ಅಂದು ಮಾಳವ್ವ ರೊಟ್ಟಿ ತಿರುವಿ ಹಾಕಿದ್ಲು.

ಆಮ್ಯಾಲ ರಾಯಣ್ಣ ರೋಣದಾಗ ತನ್ನದ ಗ್ಯಾರೇಜ್ ತಗದ. ಭಾಗ್ಯಾನ ಲಗ್ನ ಆದ. ಮಾಳವ್ವನ್ನ ಲಕ್ಕಲಕಟ್ಟಿ ಶಿವನಪ್ಪಗ ಕೊಟ್ಟಿದ್ರು. ಆದ್ರ ಹೋದ ವರ್ಷ ಆಕೀವು ಎರಡೂ ಕಿಡ್ನಿ ಕೈ ಕೊಟ್ಟವು. ವಾರಕ್ಕ ಎರಡು ಸಲ, ಮಂಗಳವಾರ ಶುಕ್ರವಾರ, ಗದಗಿನ ದವಾಖಾನಿಗೆ ಹೋಗಿ ಮಷೀನಿಗೆ ರಕ್ತ ಕೊಟ್ಟು ತೊಳಸಕೊಂಡು ಬರಬೇಕು. ಶಿವನಪ್ಪ ಹೊಲ ಪಾಲಿಗೆ ಹಚ್ಚಿ ಹೆಂಡ್ತೀನ್ನ ಕರಕೊಂಡು ರಾಯಣ್ಣನ ಮನೀ ಮಗ್ಗಲಕ್ಕ ಬಂದ.

ಓಣ್ಯಾಗ ಚಮನಬಿಗೂ ಅದ ಬ್ಯಾನಿ. ಆಕೀ ಮಗ ಕುತುಬುದ್ದೀನಂದು ಒಂದು ಹಳೀ ಡೀಸೆಲ್ ಕಾರು. ಇಬ್ರು ಹೆಣಮಕ್ಕಳು ಕೂಡೇ ಹೋಗ್ತಿದ್ರು.

ಹೋದ ತಿಂಗಳ ಒಂದು ಶುಕ್ರವಾರ ಆ ಕಾರು ನಡೀಲಿಲ್ಲ. ಕರೀ ಹೊಗಿ, ಟಣ್ ಟಣ್ ಅಂತ ಬಡಿತ, ಮೀಟರಿನ್ಯಾಗ ಹಳದಿ ಲೈಟು. ಚಮನಬಿನ್ನ ಮಗ ಬಸ್ಸಿಗೆ ಕರಕೊಂಡು ಹೋದ. ಮಾಳವ್ವ ಬಸ್ಸಿಗೆ ಒಲ್ಲೆ ಅಂದ್ಲು, ವಾಂತಿ ಆಗ್ತೈತಿ, ಒಂದ ಪಾಳಿ ತಪ್ಪಿದ್ರ ಸಾಯಂಗಿಲ್ಲ ಅಂದ್ಲು. ಸೋಮವಾರ ಅನ್ನೂದರಾಗ ಕಾಲು ಬಾತು ಕುಂಬಳಕಾಯಿ ಆಗಿದ್ವು. ಹಾಸಿಗ್ಯಾಗ ಮಲಗಿದ್ರ ಉಸಿರು ಕಟ್ಟತಿತ್ತು, ಗ್ವಾಡಿಗೆ ಆತು ಕುಂತಿದ್ಲು. ಡಾಕ್ಟರು ಫೋನಿನ್ಯಾಗ ಹೇಳಿದ್ರು, ನೀರು ಎದಿಗೆ ಏರಾಕತ್ತೈತಿ, ಮಂಗಳವಾರ ತಪ್ಪಿಸಿದ್ರ ಉಳಿಯೂದಿಲ್ಲ ಅಂತ.

ಶಿವನಪ್ಪ ಗಾಬರಿ ಬಿದ್ದು ಬೆಳವಣಕ್ಯಾಗ ಒಂದು ಗಾಡಿ ಹೇಳಿದ್ದ. ರಾಯಣ್ಣ ಗ್ಯಾರೇಜಿನಿಂದನ ಕೂಗಿದ, "ಮಾಮಾ, ಯಾಕ್ರೀ ಬ್ಯಾರೆ ಗಾಡಿ? ಕುತುಬುದ್ದೀನನ ಕಾರು ನನ್ನ ಕಡೇನ ಐತಿ, ನಮ್ಮಕ್ಕನ್ನ ನಾ ರಿಪೇರಿ ಮಾಡಿದ ಗಾಡ್ಯಾಗ ಕಳಸ್ತೀನಿ. ಅವಂಗ ಬ್ಯಾಡ ಅನ್ರಿ."

"ಖರೇ ಹೇಳ್ತಿ ಏನಪಾ?"

"ಮುಂಜಾನಿಗೆ ರೆಡಿ ಇರ್ತೈತ್ರಿ."

ಶಿವನಪ್ಪ ಬೆಳವಣಕಿ ಗಾಡಿಯವಗ ಬ್ಯಾಡ ಅಂದ. ಇದನ್ನ ನೆನಪಿಡ್ರಿ.

ಸಂಜೀ ಮುಂದ ನರಗುಂದದಿಂದ ಸ್ಕ್ಯಾನರಿನವ ಬಂದ. ಈಗಿನ ಗಾಡಿ ಬ್ಯಾನಿ ಅದರಾಗ ಮೂಡತೈತಿ. ವಾಯರ್ ಚುಚ್ಚಿ ನೋಡಿ, "ಒಂದನೇ ಸಿಲಿಂಡರಿನ ನೋಜಲ್ ಕೆಟ್ಟೈತಿ, ಡೀಸೆಲ್ ಸೋರಾಕತ್ತೈತಿ" ಅಂದ.

"ಲಾಭಾನ ಕೆಟ್ಟೈತಿ ಅನ್ನು" ಅಂದ ರಾಯಣ್ಣ.

ಬೆಲ್ಟ್ ಬಾಜೂಕಿನ, ಡೀಸೆಲ್ ಚಿಮ್ಮಿಸೂ ಆ ನೋಜಲ್ ಬಿಚ್ಚಿ ತಗದ, ಬ್ಯಾರೆ ಚಲೋದು ಕೂಡಿಸಿದ. ಸ್ಕ್ಯಾನರಿನವ ಲೈಟ್ ಅಳಿಸಿ ಹೋದ. ಚಾಲೂ ಮಾಡಿದ್ರ ಹೊಗಿ ಕಡಿಮಿ, ಬಡಿತ ಇಲ್ಲ. ರಾಯಣ್ಣ ಮೊದಲು ಹಿಂಗ ಮಾಡ್ತಿರಲಿಲ್ಲ, ಕೇಳ್ರಿ. ಒಂದೊಂದ ನೋಜಲಿನ ವಾಯರ್ ಕಿತ್ತು, ಇಂಜಿನ್ ದನಿ ಹೆಂಗ ಬೀಳತೈತಿ ಅಂತ ಕಿವಿ ಕೊಟ್ಟು ಕೇಳಿ, ಆಮ್ಯಾಲ ಕೈ ಹಾಕೂ ಮನಷ್ಯಾ. ಅವತ್ತು ಮಷೀನ ಹೇಳೇತಿ, ಮತ್ತ್ಯಾಕ ಕೇಳೂದು ಅಂತ ಬಿಟ್ಟ.

ಭಾಗ್ಯಾ ಚಾ ತಂದಾಕಿ ಅಂದ್ಲು, "ಒಂದ ಸಲ ಬೆಳವಣಕಿ ತನಕ ಓಡಿಸಿ ನೋಡ್ರಲಾ. ನಿಂತ ಗಾಡಿ ಎಲ್ಲಾನೂ ಚಲೋನ ಕೇಳಸ್ತೈತಿ."

"ನೀ ಯಾವಾಗಿಂದ ಮೆಕ್ಯಾನಿಕ್ ಆದಿ?" ಅಂತ ನಕ್ಕ.

ಮಂಗಳವಾರ ಮುಂಜಾನೆ ಹೊಂಟ್ರು. ಕುತುಬುದ್ದೀನ ಹೊಡಿಯೂದು, ಮಗ್ಗಲಕ ರಾಯಣ್ಣ. ಹಿಂದ ಇಬ್ರು ಹೆಣಮಕ್ಕಳು, ಶಿವನಪ್ಪ. ಮಾಳವ್ವಗ ಹಿಂದ ಆತು ಕುಂದ್ರಾಕ ಆಗವಲ್ದು, ಮುಂದಿನ ಸೀಟಿಗೆ ಹಣಿ ಹಚ್ಚಿ ಕುಂತಿದ್ಲು. ಅಷ್ಟಾದ್ರೂ ಬಾಯಿ ಸುಮ್ಮನಿರಲಿಲ್ಲ.

"ಮಾಳವ್ವಾ, ನಿನ್ನೆ ಕಲ್ಲಂಗಡಿ ತಿಂದೀಯಂತ" ಅಂದ್ಲು ಚಮನಬಿ. ನೀರಿನ ಪದಾರ್ಥ ಇಬ್ರಿಗೂ ಬ್ಯಾಡಂತ.

"ತಿಂದಿಲ್ಲವಾ. ಬಾಯಾಗ ಇಟಗೊಂಡು ಉಗುಳೀನಿ."

"ಸುಳ್ಳಿ. ಬೀಜ ಅಷ್ಟ ಉಗುಳಿರ್ತಿ."

ಮಾಳವ್ವ ನಗಾಕ ಹೋಗಿ ಕೆಮ್ಮಿದ್ಲು. ಕೆಮ್ಮು ನಿಲ್ಲಲಿಲ್ಲ.

ಬೆಳವಣಕಿ ದಾಟಿದ್ರು. ಏರಿನ್ಯಾಗ ಕುತುಬುದ್ದೀನ ಕಾಲು ಒತ್ತಿದ. ಟಣ್. ಟಣ್ ಟಣ್.

"ಕಾಕಾ, ಮತ್ತ ಬಡ್ಯಾಕತ್ತೈತಿ."

ರಾಯಣ್ಣಗ ಅವನಕಿಂತ ಮೊದಲ ಕೇಳಿತ್ತು. ನಿಲ್ಲಿಸಿ ಬಾನೆಟ್ ತಗದು ಒಂದೊಂದು ವಾಯರ್ ಕಿತ್ತು ನೋಡಿದ್ರ ತಿಳೀತಿತ್ತು. ಹಿಂದಿಂದ ಅಕ್ಕನ ಉಸಿರು ಗರಗರ ಅಂತಿತ್ತು.

"ನಿಲ್ಲಿಸಬ್ಯಾಡ. ನಿಧಾನ ಹೊಡಿ."

"ಕಾಕಾ..."

"ಹೊಡಿ ಅಂದ್ನೆಲ್ಲಾ!"

ಇನ್ನೊಂದೀಟು ಹೋತು. ಬಡಿತ ಏರಿತು, ಆಮ್ಯಾಲ ಒಳಗ ಏನೋ ಒಡದಂಗ ಸಪ್ಪಳ. ಬಿಳೀ ಹೊಗಿ ಹಾದಿ ತುಂಬಾ. ಗಾಡಿ ತಾನ ನಿಂತಿತು. ಮತ್ತ ಚಾಲೂ ಆಗಲಿಲ್ಲ.

ಎರಡೂ ಕಡೆ ಕರೀ ಹೊಲ, ನೆರಳಿಗೆ ಒಂದು ಜಾಲಿ ಗಿಡ. ಶಿವನಪ್ಪ ಆಂಬುಲೆನ್ಸಿಗೆ ಫೋನ್ ಹಚ್ಚಿದ, ಬರ್ತೀವಿ ಅಂದ್ರು. ಕುತುಬುದ್ದೀನ ಹಾದಿ ನಡುವ ನಿಂತು ಬಂದ ಗಾಡಿಗೆಲ್ಲಾ ಕೈ ಮಾಡಾಕತ್ತಿದ್ದ. ರಾಯಣ್ಣ ಉಸ್ತಾದರಿಗೆ ಫೋನ್ ಮಾಡಿದ. ಯಾಕ ಮಾಡಿದ್ನೋ, ಇಂಜಿನ್ ಅಂತೂ ಸತ್ತಿತ್ತು.

ಉಸ್ತಾದರು ಎಲ್ಲಾ ಕೇಳಿ, ಒಂದ ಮಾತು ಕೇಳಿದ್ರು. "ರಾಯಣ್ಣಾ, ಒಂದನೇದು ಯಾವ ಬಾಜು ಹಿಡದಿ?"

"ಲಾಭ ಎಲ್ಲಿರ್ತೈತ್ರೀ ಉಸ್ತಾದ್, ಬೆಲ್ಟ್ ಬಾಜು."

ಉಸ್ತಾದರು ಮೆಲ್ಲಕ ಅಂದ್ರು, "ಆ ಇಂಜಿನ್‌ದಾಗ ಉಲ್ಟಾ ಐತಿ ಬೇಟಾ. ಅದನ್ನ ಮಾಡಿದ ದೇಶದವ್ರು ಗೇರ್‌ಬಾಕ್ಸ್ ಬಾಜೂಕಿಂದ ಎಣಸ್ತಾರ. ನೀ ಲಾಭ ಅಂತ ತಗದದ್ದು ನಾಕನೇದು."

"ಅಂದ್ರ ಕೆಟ್ಟದ್ದು..."

"ಕೆಟ್ಟದ್ದು ಅಲ್ಲೇ ಐತಿ. ಸೋರಿ ಸೋರಿ ಪಿಸ್ಟನ್ ಸುಟ್ಟೈತಿ."

ರಾಯಣ್ಣ ಆ ಸುಡೂ ಇಂಜಿನ್ ಮ್ಯಾಲ ಬೆರಳಿಟ್ಟು ಗೇರ್‌ಬಾಕ್ಸ್ ಕಡಿಂದ ಎಣಿಸಿದ. ಲಾಭ, ಮೂರು, ನಾಕು, ಎರಡು. ಬೆಲ್ಟ್ ಕಡಿಂದ ಎಣಿಸಿದ. ಲಾಭ, ಮೂರು, ನಾಕು, ಎರಡು. ಯಾವ ಕಡಿಂದ ಹಿಡದ್ರೂ ಪಾಳಿ ಅದ. ಇಷ್ಟು ವರ್ಷ ಬಾಯಿಪಾಠ ಹೇಳಿದ ಪಾಳಿ, ಎಣಿಕಿ ಎಲ್ಲಿಂದ ಶುರು ಆಗತೈತಿ ಅಂತ ಒಂದ ದಿನಾನೂ ಅವಂಗ ಹೇಳಿರಲಿಲ್ಲ. ಬೆರಳು ಸುಟ್ಟದ್ದು ಗೊತ್ತಾಗಲಿಲ್ಲ.

ಉಳ್ಳಾಗಡ್ಡಿ ಚೀಲ ಹೇರಿದ ಮೂರು ಗಾಲಿ ಟಂಟಂ ಒಂದು ಬಂತು. ಆ ಪುಣ್ಯಾತ್ಮ ಅರ್ಧ ಚೀಲ ಹಾದೀ ಬಾಜು ಇಳಿಸಿ ಜಾಗಾ ಮಾಡಿದ. ಆಂಬುಲೆನ್ಸ್ ಕಾಯೂದು ಬ್ಯಾಡ ಅಂತ ಇಬ್ರನ್ನೂ ಅದರಾಗ ಕುಂದ್ರಿಸಿದ್ರು. ಮಾಳವ್ವ ಚೀಲಕ್ಕ ಆತು ಕುಂತ್ಲು, ರಾಯಣ್ಣ ಬೆನ್ನಿಗೆ ಕೈ ಕೊಟ್ಟಿದ್ದ. ತುಟಿ ನೀಲಿ ಆಗಿದ್ವು.

"ರಾಯಾ, ಆ ಕಿಟಕಿ ತಗಿಯೋ."

ಟಂಟಂಗ ಕಿಟಕೀನ ಇಲ್ಲ. ಎಲ್ಲಾ ಕಡಿಂದ ಗಾಳಿ ಹೊಡ್ಯಾಕತ್ತಿತ್ತು, ಆಕೀ ಸೆರಗು ಹಾರಿ ಚಮನಬಿ ಮಾರಿಗೆ ಬಡೀತಿತ್ತು.

"ತಗದೇನಿ ಅಕ್ಕಾ" ಅಂದ.

"ಇನ್ನಾ ತಗಿ."

"ತಗದೇನಿ."

ದವಾಖಾನಿ ಬಾಗಲದಾಗ ಸ್ಟ್ರೆಚರ್ ಓಡಿಸಕೊಂಡು ಬಂದ್ರು, ಮಾರಿಗೆ ಗಾಳಿ ಹಚ್ಚಿದ್ರು. ಮಷೀನ್ ತನಕ ಆಕಿ ಹೋಗಲಿಲ್ಲ.

ಚಮನಬಿ ಪಾಳಿ ಬಂತು, ಆಕೀನ್ನ ಒಳಗ ಒಯ್ದ್ರು. ಮಗ್ಗಲದ ಹಾಸಿಗಿ ಖಾಲಿ ಇತ್ತಂತ.

ಮಧ್ಯಾಹ್ನಕ್ಕ ಹೆಣ ಲಕ್ಕಲಕಟ್ಟಿಗೆ ಬಂತು. ಹೊಲದಾಗ ಕುಣಿ ತೋಡಾಕ ಹೋಗಿದ್ರು. ಅಂಗಳದಾಗ ಕುಂತ ಮಂದಿ ಶುರು ಹಚ್ಚಿದ್ರು. ರೇಣವ್ವ ಅಂತ ಶಿವನಪ್ಪನ ಅಕ್ಕ ಎದಿ ಎದಿ ಬಡಕೊಂಡು, "ಆ ಕುತುಬ್ಯಾನ ಡಬ್ಬಾ ಗಾಡಿ ತಿಂತು ನನ್ನ ತಮ್ಮನ ಮನೀನ್ನ! ಅವನ ಗಾಡಿಗೆ ಬೆಂಕಿ ಹತ್ತಲಿ!" ಅಂದ್ಲು. ಹೌದ್ಹೌದು ಅಂದ್ರು ಮಂದಿ. ಕುತುಬುದ್ದೀನ ಅಗಸಿ ಬಾಗಲದ ಕಡೆ ಒಬ್ಬನ ನಿಂತಿದ್ದ, ತಲಿ ಮ್ಯಾಲ ಎತ್ತಲಿಲ್ಲ.

ರಾಯಣ್ಣ ಎದ್ದು ನಿಂತ. "ಗಾಡೀದು ತಪ್ಪಲ್ಲ, ಅವಂದೂ ಅಲ್ಲ. ಕೆಟ್ಟದ್ದನ್ನ ಬಿಟ್ಟು ಚಲೋದನ್ನ ತಗದಾವ ನಾನು. ಲಾಭ ಯಾವ ಬಾಜು ಅಂತ ನನಗ ಗೊತ್ತಿರಲಿಲ್ಲ."

ಮಂದಿಗೆ ಅರ್ಥ ಆಗಲಿಲ್ಲ. ಒಬ್ಬ ಮುದುಕ, "ದುಃಖದಾಗ ಏನೇನೋ ಅಂತೈತಿ ಕೂಸು" ಅಂದ. ಅದಕ್ಕ ನೋಡ್ರಿ, ಊರಾಗ ಇನ್ನೂ ಕುತುಬುದ್ದೀನನ ಹೆಸರ ಓಡ್ಯಾಡೂದು.

ಶಿವನಪ್ಪ ಮಾತ್ರ ಹೆಣದ ತಲೀ ಕಡಿಂದ ತಿರುಗಿ ನೋಡಿದ. "ನನಗ ಇಂಜಿನ್ ತಿಳಿಯೂದಿಲ್ಲ ರಾಯಣ್ಣಾ. ನೀ ರೆಡಿ ಅಂದಿ. ನಾ ಆ ಬೆಳವಣಕಿ ಗಾಡಿ ಬ್ಯಾಡ ಅಂದೆ. ನನಗ ಅಷ್ಟ ಗೊತ್ತೈತಿ."

ಮಣ್ಣು ಮಾಡಿದ್ರು. ರಾಯಣ್ಣ ಭಾಗ್ಯಾನ್ನ ಅಲ್ಲೇ ಬಿಟ್ಟು ದೀಪ ಹಚ್ಚೂ ಹೊತ್ತಿಗೆ ರೋಣಕ್ಕ ಬಂದ. ಮನಿಗೆ ಹೋಗಲಿಲ್ಲ. ಸೀದಾ ಚಮನಬಿ ಮನಿ ಬಾಗಲದಾಗ ನಿಂತ. ಆಕಿ ಗದಗಿನಿಂದ ಬಂದು ಮಂಚದ ಮ್ಯಾಲ ಬಿದ್ದಿದ್ಲು. ಹೊಸ್ತಿಲದಾಗ ನಿಂತ ಎಲ್ಲಾ ಹೇಳಿದ.

ಆಕಿ ಕಣ್ಣು ಮುಚ್ಚಿ ಕೇಳಿದ್ಲು. "ನನಗ್ಯಾಕ ಹೇಳ್ತಿ?"

"ನೀವೂ ಅದರಾಗ ಕುಂತಿದ್ರಿ ಚಾಚಿ."

"ಹೂಂ. ಕುಂತಿದ್ದೆ." ಆಕಿ ಕಣ್ಣು ತಗದ್ಲು. "ಶುಕ್ರವಾರ ಹೆಂಗ ಹೋಗೂದು ನಾನು? ಬಸ್ಸಿನ್ಯಾಗ ಇನ್ನ ಆಗೂದಿಲ್ಲ ನನ್ನ ಕಡಿಂದ."

"ನಾ ಗಾಡಿ ನೋಡ್ತೀನ್ರಿ."

"ನೋಡು." ಆಕಿ ಗ್ವಾಡೀ ಕಡೆ ಮಗ್ಗಲಾದ್ಲು. "ನೀ ರಿಪೇರಿ ಮಾಡಿದ್ದು ಮಾತ್ರ ಬ್ಯಾಡಪಾ."

ರಾಯಣ್ಣ ಹೌದ್ರಿ ಅಂದ. ಓಣ್ಯಾಗ ಬಂದು ಸುಟ್ಟ ಬೆರಳು ಬಿಟ್ಟು ಬ್ಯಾರೆ ಬೆರಳಿಲೆ ಫೋನ್ ಒತ್ತಿ ಸವಡಿ ಗುರುಸಂಗಪ್ಪಗ ಹಚ್ಚಿದ. ಅವಂದು ದೊಡ್ಡ ಗಾಡಿ ಐತಿ, ರಿಪೇರಿ ಎಲ್ಲಾ ಗದಗಿನ್ಯಾಗ ಮಾಡಸ್ತಾನ. ಶುಕ್ರವಾರ ಮುಂಜಾನೆ ಬರಬೇಕು, ಹೆಣಮಗಳು, ಮೆತ್ತಗ ಹೊಡೀಬೇಕು ಅಂತ ಹೇಳಿದ. ಎಷ್ಟು ಮಂದಿ ಅಂತ ಅವ ಕೇಳಿದ.

"ಒಬ್ಬಾಕಿ" ಅಂದು ಫೋನ್ ಇಟ್ಟ.