ಮಾಲೆ ಹಾಕಿದ ಕಾಕಾನ ಫೋಟೊ

ಮೊನ್ನೆ ಶಾಲೆಯ ಗ್ಯಾದರಿಂಗ್ ನಾಟಕಕ್ಕೆಂದು ಏಳನೇ ಇಯತ್ತೆಯ ಹುಡುಗಿಯೊಬ್ಬಳಿಗೆ ಗೌಡನ ಮೀಸೆ ಅಂಟಿಸುತ್ತಿದ್ದೆ. ಅಂಟಿನ ಬಾಟಲಿ ತೆರೆದ ಕೂಡಲೇ ಅದರ ಘಾಟು ಮೂಗಿಗೆ ಬಡಿದು ಕಾಕಾ ನೆನಪಾದರು. ಬೆಂಗಳೂರಿನಿಂದ ಬಂದಾಗಲೆಲ್ಲ ಅವರ ಕೈಚೀಲ ಹೀಗೇ ನಾರುತ್ತಿತ್ತು...

ರಕ್ತಸಂಬಂಧವೇನೂ ಇರಲಿಲ್ಲ. ಸಂಶಿಯಲ್ಲಿ ನಮ್ಮ ಬಾಜು ಮನೆಯವರು, ಅದಕ್ಕೇ ಕಾಕಾ. ಮೂವತ್ತು ವರ್ಷ ಸಿನಿಮಾ, ಧಾರಾವಾಹಿಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದರು. ಪೂಜಾರಿ, ಜಡ್ಜ್, ಹವಾಲ್ದಾರ, ಮದುಮಗಳ ಅಪ್ಪ. ಶೂಟಿಂಗ್ ಇದ್ದರೆ ಬೆಂಗಳೂರು, ಇಲ್ಲದಿದ್ದರೆ ಹೊಲ. ಪರದೆಯ ಮೇಲೆ ಅವರ ಹೆಸರು ಬರುವ ಹೊತ್ತಿಗೆ ಮಂದಿ ಎದ್ದು ಚಪ್ಪಲಿ ಹುಡುಕುತ್ತಿದ್ದರು. ಅದಕ್ಕೆಲ್ಲ ಅವರು ಬೇಸರ ಮಾಡಿಕೊಂಡಿದ್ದನ್ನು ನಾನು ಕಂಡಿಲ್ಲ. ಬೇಕಾಗಿದ್ದು ಏನೆಂದು ಒಮ್ಮೆ ಕಟ್ಟೆಯ ಮೇಲೆ ಕೂತು ನೇರವಾಗಿಯೇ ಹೇಳಿದ್ದರು.

"ಮಂದಿಗೆ ನನ್ನ ಹೆಸರ ಗೊತ್ತಿಲ್ಲ, ಮಾರಿ ಗೊತ್ತೈತಿ. ನಾ ಸತ್ತಾಗ ಮಣ್ಣಿಗೆ ನಾಕ ಊರಿನ ಮಂದಿ ಕೂಡಿದ್ರ ಸಾಕ ನೋಡಪಾ."

ಕಡೆಗೊಮ್ಮೆ ಧಾರಾವಾಹಿಯೊಂದರಲ್ಲಿ ದೊಡ್ಡ ಮನೆಯ ಯಜಮಾನನ ಪಾತ್ರ ಸಿಕ್ಕಿತು. ಐದೇ ತಿಂಗಳಲ್ಲಿ ಯಜಮಾನನನ್ನು ಸಾಯಿಸಿ, ಫೋಟೊ ಗೋಡೆಗೇರಿಸಿ ಮಾಲೆ ಹಾಕಿಬಿಟ್ಟರು. ಟೀವಿಯಲ್ಲಿ ಕಂಡ ಆ ಫೋಟೊವನ್ನು ಯಾರೋ ಮೊಬೈಲಿನಲ್ಲಿ ಹಿಡಿದು ಹಂಚಿದರು. ಕಾಕಾನ ಹೆಂಡತಿ, ನಮ್ಮ ಕಾಕೂನ ತವರು ತಿರ್ಲಾಪುರ. ಅಲ್ಲಿಯ ಹೆಂಗಸರು ಸುದ್ದಿ ಖರೆ ಎಂದೇ ತಿಳಿದರು. ಸಾವಿನ ಮನೆಯಲ್ಲಿ ಒಲೆ ಹೊತ್ತಿಸುವುದಿಲ್ಲವಲ್ಲ, ರೊಟ್ಟಿಯ ಗಂಟು ಹೊತ್ತು ಅಳುತ್ತ ಬಸ್ಸಿಳಿದರು. ಕಾಕಾ ಕಟ್ಟೆಯ ಮೇಲೆ ಕೂತು ದಾಡಿ ಮಾಡಿಕೊಳ್ಳುತ್ತಿದ್ದರು! ಎಲ್ಲರನ್ನೂ ಕೂಡಿಸಿಕೊಂಡು ಆ ರೊಟ್ಟಿಯನ್ನು ತಾವೂ ಉಂಡರು. ಅವತ್ತು ಅವರಷ್ಟು ಖುಷಿಯಾಗಿದ್ದವರು ಊರಲ್ಲಿ ಬೇರೊಬ್ಬರಿರಲಿಲ್ಲ. ಸುತ್ತಲ ಊರುಗಳಲ್ಲಿ ಈ ಕತೆ ಹೇಳಿಕೊಂಡು ನಕ್ಕಿದ್ದೇ ನಕ್ಕಿದ್ದು.

ಎರಡು ವರ್ಷದ ಮೇಲೆ ಒಂದು ಮುಂಜಾನೆ ಅದೇ ಫೋಟೊ ಮತ್ತೆ ಮೊಬೈಲಿಗೆ ಬಂತು. ಆಗ ನಾನು ಕಲಘಟಗಿ ಕಡೆಯ ಶಾಲೆಯೊಂದರಲ್ಲಿ ಮಾಸ್ತರ. ಜೊತೆಯವರಿಗೆಲ್ಲ ತೋರಿಸಿ ನಕ್ಕೆ. ಸಾಲದ್ದಕ್ಕೆ ಕಾಕಾನ ನಂಬರಿಗೇ ಬರೆದು ಕಳಿಸಿದೆ.

"ಕಾಕಾ, ಈ ಸಲ ರೊಟ್ಟಿ ಎಷ್ಟ ಬಂದ್ವು?"

ಈ ಸಲ ಸುದ್ದಿ ಖರೆ ಇತ್ತು. ಮನೆಯಲ್ಲಿ ಬೇರೆ ಒಳ್ಳೆಯ ಫೋಟೊ ಸಿಗದೆ, ಗಡಿಬಿಡಿಯಲ್ಲಿ ಅವರ ಅಣ್ಣನ ಮಗ ಅದನ್ನೇ ಎಲ್ಲರಿಗೂ ಕಳಿಸಿದ್ದ. ಕಂಡವರೆಲ್ಲ ನನ್ನ ಹಾಗೆಯೇ ನಕ್ಕು ಸುಮ್ಮನಾಗಿದ್ದರು. ಇನ್ನೊಮ್ಮೆ ನಗೆಗೀಡಾಗಬಾರದೆಂದು ತಿರ್ಲಾಪುರದವರೂ ಹೊರಡಲಿಲ್ಲ. ಮರುದಿನ ನಮ್ಮ ಅವ್ವ ಮಣ್ಣಿಗೆ ಯಾಕ ಬರಲಿಲ್ಲ ಅಂತ ಫೋನ್ ಹಚ್ಚಿದಾಗಲೇ ನನಗೆ ತಿಳಿದದ್ದು.

ಮೂರನೆಯ ದಿನ ಹೋದೆ. ಕಾಕೂ ಅಳಲಿಲ್ಲ, ಬೈಯಲೂ ಇಲ್ಲ.

"ಮಂದಿ ಬರ್ತಾರಂತ ಸಂಜೀತನಾ ಮಣ್ಣ ಮಾಡದ ಇಟ್ಕೊಂಡ ಕುಂತಿದ್ವಿ," ಅಂದರು. "ಬ್ಯಾರೆ ಊರಿನವ್ರು ಇಪ್ಪತ್ತ ಮಂದಿನೂ ಆಗಲಿಲ್ಲಪಾ."

ಮಣ್ಣಿನ ದಿನವೆಲ್ಲ ಕಾಕಾನ ಮೊಬೈಲು ಕಾಕೂನ ಕೈಯಲ್ಲೇ ಇತ್ತಂತೆ... ನಾನು ಬರೆದದ್ದನ್ನು ಓದಿದರೋ ಇಲ್ಲವೋ, ಅವರು ಹೇಳಲಿಲ್ಲ, ನಾನು ಕೇಳಲಿಲ್ಲ. ನನಗೆ ನಾಚಿಕೆಯಾಗಿತ್ತು, ಈಗಲೂ ಆಗುತ್ತದೆ.

ಈಗಲೂ ಸಂಶಿಗೆ ಹೋದರೆ ಆ ಮನೆಗೆ ಹೋಗಿಯೇ ಬರುತ್ತೇನೆ. ಕಾಕೂ ಚಹಾ ಕೊಡುತ್ತಾರೆ. ಹತ್ತಿ, ಮಳೆ, ಮೊಣಕಾಲು ನೋವು, ಎಲ್ಲ ಮಾತಾಡುತ್ತೇವೆ. ತಪ್ಪಾಯಿತು ಎನ್ನುವುದೊಂದನ್ನು ಬಿಟ್ಟು.